ಮನೆಮಾತಿಗೂ ಜಾಗ ಇರುವ ಶಿಶುವಿಹಾರ: ನಾಗರಭಾವಿಯಲ್ಲಿ ನಮ್ಮ ಅನುಭವ

ನಾಗರಭಾವಿಯ ಒಂದು ಮನೆಯ ಮೊದಲ ಮಹಡಿಯಲ್ಲಿ ನಡೆಯುವ ಪುಟ್ಟ ಶಿಶುವಿಹಾರದ ಬಗ್ಗೆ ಬರೆಯುತ್ತಿದ್ದೇನೆ. ಮಗಳು ಅಲ್ಲಿಗೆ ಹೋಗುತ್ತಿರುವುದು ಇದು ಎರಡನೇ ವರ್ಷ. ಈಗ ಎಲ್‌ಕೆಜಿ. ಹೆಸರು ಹಾಕುತ್ತಿಲ್ಲ, ನಡೆಸುವ ಮೇಡಂ ಅವರೇ ಬೇಡ ಅಂದರು. ಇರುವುದು ಮೂವತ್ತು ಸೀಟು, ಎಲ್ಲ ತುಂಬಿದೆ. ಬಂದ ಫೋನಿಗೆಲ್ಲ ಇಲ್ಲ ಇಲ್ಲ ಅನ್ನಲು ಅವರಿಗೆ ಬೇಜಾರಂತೆ. ಹೆಸರಿಲ್ಲದ ವಿಮರ್ಶೆಯಿಂದ ಏನು ಉಪಯೋಗ ಅಂತ ಕೇಳಬಹುದು. ಚಿಕ್ಕ ಮಕ್ಕಳಿಗೆ ಜಾಗ ಹುಡುಕುತ್ತಿರುವವರು ಏನನ್ನು ನೋಡಬೇಕು, ಏನು ಕೇಳಬೇಕು ಅನ್ನುವುದು ಇದರಿಂದ ಗೊತ್ತಾದರೆ ಸಾಕು ನನಗೆ.

ಮೊದಲು ನಮ್ಮ ಮನೆಯ ವಿಷಯ. ನಾನು ಕಾರ್ಕಳದವಳು, ಮನೆಮಾತು ತುಳು. ಗಂಡ ತಿಪಟೂರಿನವರು. ಅವರೂ ಅತ್ತೆಯೂ ಮಗಳ ಜೊತೆ ಕನ್ನಡ ಮಾತಾಡುತ್ತಾರೆ, ನಾನು ತುಳು. ಪಕ್ಕದ ಮನೆಯವರು ತಮಿಳು, ಕೆಳಗಿನ ಮನೆಯವರು ತೆಲುಗು. ಬೆಂಗಳೂರಿನಲ್ಲಿ ಇದೇನೂ ವಿಶೇಷ ಅಲ್ಲ. 2011ರ ಜನಗಣತಿಯಲ್ಲೇ ಈ ಊರಿನಲ್ಲಿ ಕನ್ನಡ ಮಾತೃಭಾಷೆ ಅಂತ ಬರೆಸಿದವರು ಅರ್ಧಕ್ಕಿಂತ ಕಡಿಮೆ ಇದ್ದರು. ತಮಿಳು, ತೆಲುಗು, ಉರ್ದು ಮನೆಗಳು ಇಲ್ಲಿ ತಲೆಮಾರುಗಳಿಂದ ಇವೆ. ಆದರೆ ಶಾಲೆ ಹುಡುಕಲು ಹೊರಟಾಗ ಎಲ್ಲ ಕಡೆ ಒಂದೇ ಮಾತು. ಒಂದು ದೊಡ್ಡ ಶಾಲೆಯಲ್ಲಂತೂ ಮಗಳ ಎದುರೇ ಹೇಳಿದರು: "ಮನೆಯಲ್ಲಿ ಇಂಗ್ಲಿಷ್‌ನಲ್ಲೇ ಮಾತಾಡಿ ಮೇಡಂ. ಈ ತುಳು, ಕನ್ನಡ ಎಲ್ಲ ಸೇರಿದರೆ ಮಗುವಿಗೆ ಕನ್‌ಫ್ಯೂಸ್ ಆಗುತ್ತೆ." ಮೂರು ವರ್ಷದ ಮಗು ಅಮ್ಮನ ಜೊತೆ ಮಾತಾಡುವ ಭಾಷೆಯನ್ನು ಬಿಡಿಸಿ ಅಂತ ಹೇಳಲು ಅವರಿಗೆ ಏನೂ ಅನ್ನಿಸಲಿಲ್ಲ. ನನಗೆ ತುಂಬಾ ನೋವಾಯಿತು. ಅಲ್ಲಿ ಸೇರಿಸಲಿಲ್ಲ.

ಈ ಶಿಶುವಿಹಾರದಲ್ಲಿ ಅಡ್ಮಿಷನ್ ದಿನ ಕೊಟ್ಟ ಫಾರ್ಮ್ ಎರಡು ಪುಟದ್ದು. ಒಂದು ಪುಟದಲ್ಲಿ ಹೆಸರು, ವಿಳಾಸ, ಲಸಿಕೆ, ರಕ್ತದ ಗುಂಪು. ಇನ್ನೊಂದು ಪುಟ ಪೂರ್ತಿ ಮಾತಿನ ಬಗ್ಗೆ. ಮಗು ಅಮ್ಮನ ಜೊತೆ ಯಾವ ಭಾಷೆ ಮಾತಾಡುತ್ತೆ, ಅಪ್ಪನ ಜೊತೆ ಯಾವುದು, ಅಜ್ಜಿ ತಾತನ ಜೊತೆ ಯಾವುದು? ಅತ್ತರೆ ಏನಂತ ಕರೆದು ಸಮಾಧಾನ ಮಾಡುತ್ತೀರಿ? ಮಲಗಿಸುವಾಗ ಯಾವ ಹಾಡು? ಕೆಳಗೆ ಒಂದು ಪಟ್ಟಿ: ನೀರು, ಹಸಿವು, ನೋವು, ನಿದ್ದೆ, ಟಾಯ್ಲೆಟ್, ಬೇಕು, ಬೇಡ, ಭಯ. ಎದುರಿಗೆ ಖಾಲಿ ಗೆರೆ. ಮಗು ಮನೆಯಲ್ಲಿ ಹೇಳುವ ಹಾಗೇ ಬರೆಯಿರಿ, ಪುಸ್ತಕದ ಭಾಷೆ ಬೇಡ ಅಂದರು ಮೇಡಂ. ನಾನು ನೀರ್, ಬಡವು, ಬೇನೆ ಅಂತ ಬರೆಯುತ್ತಾ ಹೋದೆ. ಅವರು ಅದನ್ನು ಒಂದು ದಪ್ಪ ಕಾರ್ಡಿಗೆ ಕನ್ನಡ ಅಕ್ಷರದಲ್ಲಿ ದೊಡ್ಡದಾಗಿ ಇಳಿಸಿ, ಮಗಳ ಫೋಟೊ ಅಂಟಿಸಿ, ಬೀರುವಿನ ಬಾಗಿಲಿನ ಒಳಗಡೆ ಸಿಕ್ಕಿಸಿದರು. ಅಲ್ಲಿ ಎಲ್ಲ ಮಕ್ಕಳ ಕಾರ್ಡೂ ಇದೆ. ತಮಿಳು ಮಗುವಿನದು, ಉರ್ದು ಮಗುವಿನದು, ಎಲ್ಲವೂ ಕನ್ನಡ ಲಿಪಿಯಲ್ಲಿ. ಯಾಕೆ ಅಂದರೆ ಮಗು ಅತ್ತಾಗ ಮೊದಲು ಓಡಿ ಬರುವವರು ಆಯಮ್ಮ. ಅವರು ಓದಬಲ್ಲದ್ದು ಕನ್ನಡ. ಆಯಮ್ಮನ ಅನುಕೂಲಕ್ಕೆ ಯೋಚನೆ ಮಾಡಿ ಮಾಡಿದ್ದಾರಲ್ಲ, ಅದು ನನಗೆ ಬಹಳ ಹಿಡಿಸಿತು.

ಹತ್ತೂವರೆಗೆ ತಿಂಡಿ. ಒಂದು ದಿನ ಬೇಗ ಕರೆದುಕೊಂಡು ಬರಲು ಹೋದವಳು ಬಾಗಿಲ ಹತ್ತಿರ ನಿಂತು ನೋಡಿದೆ. ಚಾಪೆಯ ಮೇಲೆ ಸಾಲಾಗಿ ಕೂತಿದ್ದರು, ಉಪ್ಪಿಟ್ಟು ಬಡಿಸುತ್ತಿದ್ದರು. ಒಂದು ಮಗು "ವೇಣಾಂ" ಅಂದಿತು, ಇನ್ನೊಂದು "ವದ್ದು", ಅದರಾಚೆ ಒಬ್ಬ "ನಕ್ಕೋ ನಕ್ಕೋ" ಅಂತ ತಟ್ಟೆಗೆ ಕೈ ಅಡ್ಡ ಹಿಡಿದ, ನನ್ನ ಮಗಳು "ಬೊಡ್ಚಿ" ಅಂದಳು. ಆಯಮ್ಮ ಯಾರನ್ನೂ ತಿದ್ದಲಿಲ್ಲ. "ಒಂದು ತುತ್ತು ತಿನ್ನಮ್ಮ, ಆಮೇಲೆ ಬೇಡ ಅಂದರೆ ಬಿಡು" ಅಂತ ಎಲ್ಲರಿಗೂ ಕನ್ನಡದಲ್ಲೇ ಹೇಳಿ, ಸ್ವಲ್ಪ ಸ್ವಲ್ಪ ಹಾಕಿ ಮುಂದೆ ಹೋದರು. ಮಕ್ಕಳು ತಿಂದರು. ಅವರ ಮಾತು ಇವರಿಗೆ ಅರ್ಥವಾಯಿತು, ಇವರ ಕನ್ನಡ ಅವರಿಗೆ ಅರ್ಥವಾಯಿತು.

ಇದನ್ನು ಕೇಳಿದ ಕೆಲವರು, ಹಾಗಾದರೆ ಕನ್ನಡದ ಗತಿ ಏನು ಅಂತ ಕೇಳುತ್ತಾರೆ. ನಾನು ಕಂಡದ್ದು ಇಷ್ಟು. ಅಲ್ಲಿ ಮಕ್ಕಳು ಒಬ್ಬರಿಗೊಬ್ಬರು ಮಾತಾಡುವುದು ಕನ್ನಡದಲ್ಲೇ. ಆಟದ ಭಾಷೆ, ಜಗಳದ ಭಾಷೆ, ಚಾಡಿ ಹೇಳುವ ಭಾಷೆ ಎಲ್ಲ ಕನ್ನಡ. ತಮಿಳು ಮನೆಯ ಹುಡುಗಿ, ಉರ್ದು ಮನೆಯ ಹುಡುಗ, ನನ್ನ ಮಗಳು ಮೂವರೂ ಸೇರಿ ಮರಳಲ್ಲಿ ಮನೆ ಕಟ್ಟುವಾಗ "ಇದು ನಂದು, ನೀನು ಆ ಕಡೆ ಕಟ್ಟು" ಅಂತ ಕನ್ನಡದಲ್ಲೇ ಗಲಾಟೆ. ಮನೆಮಾತನ್ನು ಬಾಗಿಲಲ್ಲೇ ತಡೆಯುವ ಶಾಲೆಗಳಲ್ಲಿ ಆ ಜಾಗಕ್ಕೆ ಕನ್ನಡ ಬರುವುದಿಲ್ಲ, ಇಂಗ್ಲಿಷ್ ಬಂದು ಕೂರುತ್ತೆ. ಅಲ್ಲಿ ತುಳುವೂ ಹೋಗುತ್ತೆ, ಅದರ ಹಿಂದೆ ಕನ್ನಡವೂ ಹೋಗುತ್ತೆ. ಕನ್ನಡ ಉಳಿಯಬೇಕು ಅನ್ನುವವರು ತಮಿಳು, ಉರ್ದು, ಕೊಂಕಣಿ, ಲಂಬಾಣಿ ಮಕ್ಕಳ ಮನೆಮಾತನ್ನೂ ಪ್ರೀತಿಯಿಂದ ನೋಡಬೇಕು ಅಂತ ನನಗೆ ಗಟ್ಟಿಯಾಗಿ ಅನ್ನಿಸಿದ್ದು ಇಲ್ಲಿಗೆ ಬಂದ ಮೇಲೆ.

ಸೇರಿದ ಹೊಸದರಲ್ಲಿ ಮಗಳು ಅಲ್ಲಿ ಬಾಯೇ ಬಿಡುತ್ತಿರಲಿಲ್ಲ. ಮನೆಯಲ್ಲಿ ಪಟಪಟ ಮಾತು, ಅಲ್ಲಿ ಮೌನ. ಅತ್ತೆಗೆ ಗಾಬರಿ. ಮೇಡಂ ನಮ್ಮನ್ನು ಕೂರಿಸಿ ನಿಧಾನವಾಗಿ ವಿವರಿಸಿದರು. ಹೊಸ ಭಾಷೆಯ ನಡುವೆ ಬಂದ ಚಿಕ್ಕ ಮಕ್ಕಳು ಕೆಲವು ಕಾಲ ಸುಮ್ಮನಿರುವುದು ಸಹಜ, ಅವರು ಕೇಳಿಸಿಕೊಳ್ಳುತ್ತಾ ಇರುತ್ತಾರೆ. ಒತ್ತಾಯ ಮಾಡಬಾರದು, ಹಾಗಂತ ಮಾತಾಡಿಸುವುದನ್ನು ನಿಲ್ಲಿಸಲೂಬಾರದು. ಎರಡು ಮೂರು ಭಾಷೆ ಕೇಳುವುದರಿಂದ ಮಾತು ತಡವಾಗುವುದಿಲ್ಲ. ಮಗುವಿಗೆ ಎಷ್ಟು ಪದ ಬರುತ್ತೆ ಅಂತ ಲೆಕ್ಕ ಹಾಕುವುದಾದರೆ ಎಲ್ಲ ಭಾಷೆಯದ್ದನ್ನೂ ಸೇರಿಸಿ ಹಾಕಬೇಕು, ಒಂದೇ ಭಾಷೆಯದ್ದನ್ನು ಹಿಡಿದು ಕಡಿಮೆ ಅನ್ನಬಾರದು. ಒಂದೇ ವಾಕ್ಯದಲ್ಲಿ ಎರಡು ಭಾಷೆ ಬೆರೆಸಿದರೂ ತಪ್ಪಲ್ಲ, ದೊಡ್ಡವರು ನಾವೂ ದಿನವಿಡೀ ಅದನ್ನೇ ಮಾಡುತ್ತೇವೆ ಅಲ್ವಾ. ಆದರೆ ಮಗು ಮನೆಯಲ್ಲೂ, ತನ್ನದೇ ಭಾಷೆಯಲ್ಲೂ ಮಾತಾಡುತ್ತಿಲ್ಲ, ಕರೆದರೆ ತಿರುಗುತ್ತಿಲ್ಲ ಅಂದರೆ ಕಾಯಬೇಡಿ, ಕಿವಿ ಪರೀಕ್ಷೆ ಮಾಡಿಸಿ, ಮೈಸೂರಿನ ವಾಕ್ ಶ್ರವಣ ಸಂಸ್ಥೆಯಂಥ ಕಡೆ ತೋರಿಸಿ ಅಂತಲೂ ಹೇಳಿದರು. ಈ ಎರಡರ ವ್ಯತ್ಯಾಸ ಗೊತ್ತಿರುವವರು ಸಿಗುವುದು ಅಪರೂಪ. ಮಗಳ ಮೊದಲ ಮಾತು ಅಲ್ಲಿ ಹೊರಟಿದ್ದು ಒಂದು ಬೆಕ್ಕಿನಿಂದ. ಕಿಟಕಿಯ ಮೇಲೆ ಬೆಕ್ಕು ಬಂದು ಕೂತಿತು. ಇವಳು "ಪುಚ್ಚೆ!" ಅಂತ ಕೂಗಿದಳಂತೆ. ಮಿಸ್ "ಹೌದಲ್ಲ, ಪುಚ್ಚೆ! ಬೆಕ್ಕು ಬಂತು ನೋಡು" ಅಂದರಂತೆ. ಅದಾದ ಮೇಲೆ ಬೆಕ್ಕಿನ ಕಥೆ ಹೇಳುತ್ತಾ ಹೇಳುತ್ತಾ ಕನ್ನಡದಲ್ಲಿ ಶುರುವಾಯಿತು.

ತಿಂಗಳಿಗೊಂದು ಶನಿವಾರ ಯಾರಾದರೂ ಮನೆಯವರು ಬಂದು ತಮ್ಮ ಭಾಷೆಯಲ್ಲಿ ಕಥೆ ಹೇಳಬೇಕು. ನಮ್ಮಮ್ಮ ಕಾರ್ಕಳದಿಂದ ಬಂದಿದ್ದಾಗ ಅವರನ್ನು ಕರೆದರು. "ನನಗೆ ಬೆಂಗಳೂರಿನ ಮಕ್ಕಳಿಗೆ ಹೇಳಲು ಬರುತ್ತದಾ ಮಾರಾಯ್ತಿ" ಅಂತ ಹಿಂದೆ ಮುಂದೆ ನೋಡಿದರು. ಹೋಗಿ ಕೂತ ಮೇಲೆ ಬೇರೆಯೇ. ಗದ್ದೆಯ ಏಡಿಯೊಂದು ನರಿಯ ಬಾಲ ಕಚ್ಚಿ ಹಿಡಿಯುವ ಕಥೆ, ಪೂರ್ತಿ ತುಳುವಿನಲ್ಲಿ. ಬಲಗೈಯನ್ನೇ ಏಡಿ ಮಾಡಿ ನೆಲದ ಮೇಲೆ ಅಡ್ಡಡ್ಡ ನಡೆಸಿದರು, ಸೆರಗಿನ ತುದಿಯನ್ನು ಬಾಲ ಮಾಡಿದರು. ಏಡಿ ಬಾಲ ಹಿಡಿದಾಗ ಮಕ್ಕಳೆಲ್ಲ ಕಿರುಚಿದರು. ತುಳು ಬರುತ್ತಿದ್ದುದು ನನ್ನ ಮಗಳೊಬ್ಬಳಿಗೇ. ಸೋಮವಾರ ಮಿಸ್ ಅದೇ ಕಥೆಯನ್ನು ಕನ್ನಡದಲ್ಲಿ ಹೇಳಿದರು. ಮಕ್ಕಳಿಗೆ ಕಥೆ ಮೊದಲೇ ಗೊತ್ತಿತ್ತು, ಹಾಗಾಗಿ ಹೊಸ ಪದ ಬಂದರೂ ಎಡವಲಿಲ್ಲ. ಆ ವಾರ ಮಗಳು ಶಾಲೆಗೆ ಹೋಗುವಾಗಿನ ಹುಮ್ಮಸ್ಸೇ ಬೇರೆ. ಅವಳ ಅಜ್ಜಿಯ ಕಥೆ ಎಲ್ಲರ ಬಾಯಲ್ಲಿತ್ತು.

ಇದರ ಹಿಂದಿರುವ ವಿಷಯವನ್ನೂ ಮೇಡಂ ಪೋಷಕರ ಸಭೆಯಲ್ಲಿ ಹೇಳಿದ್ದರು. ಕೆನಡಾದ ಜಿಮ್ ಕಮಿನ್ಸ್ ಅನ್ನುವ ವಿದ್ವಾಂಸರು 1979ರಲ್ಲೇ ಬರೆದದ್ದು: ಮೊದಲ ಭಾಷೆಯಲ್ಲಿ ಮಗು ಕಲಿತದ್ದು ಎರಡನೇ ಭಾಷೆಗೆ ಆಸರೆಯಾಗುತ್ತೆ. ಒಂದು ಭಾಷೆಯಲ್ಲಿ ಕಥೆ ಹೇಳಲು ಬರುವ ಮಗುವಿಗೆ ಕಥೆ ಹೇಗೆ ಶುರುವಾಗಿ ಹೇಗೆ ಮುಗಿಯುತ್ತೆ ಅಂತ ಗೊತ್ತಿರುತ್ತೆ, ಅದನ್ನು ಮತ್ತೆ ಕಲಿಸಬೇಕಾಗಿಲ್ಲ. ಅದೇ ಸಭೆಯಲ್ಲಿ ಒಬ್ಬರು ಎದ್ದು, "ಸರ್ಕಾರ ಏನು ಹೇಳುತ್ತೆ" ಅಂದರು. 2020ರ ರಾಷ್ಟ್ರೀಯ ಶಿಕ್ಷಣ ನೀತಿ, ಸಾಧ್ಯವಾದ ಕಡೆಯೆಲ್ಲ ಕನಿಷ್ಠ ಐದನೇ ತರಗತಿವರೆಗೆ ಮನೆಮಾತು, ಮಾತೃಭಾಷೆ ಅಥವಾ ಸ್ಥಳೀಯ ಭಾಷೆಯಲ್ಲಿ ಕಲಿಸಿ ಅನ್ನುತ್ತೆ. 3ರಿಂದ 8 ವರ್ಷದ ಮಕ್ಕಳಿಗಾಗಿ 2022ರಲ್ಲಿ ಬಂದ ಪಠ್ಯಕ್ರಮ ಚೌಕಟ್ಟೂ ಅದನ್ನೇ ಹೇಳುತ್ತೆ. ಆದರೆ ಕರ್ನಾಟಕದ ಪ್ರಕರಣದಲ್ಲೇ 2014ರಲ್ಲಿ ಸುಪ್ರೀಂ ಕೋರ್ಟಿನ ಐದು ನ್ಯಾಯಮೂರ್ತಿಗಳ ಪೀಠ, ಪ್ರಾಥಮಿಕ ಹಂತದಲ್ಲಿ ಮಾತೃಭಾಷಾ ಮಾಧ್ಯಮವನ್ನು ಸರ್ಕಾರ ಹೇರುವಂತಿಲ್ಲ ಅಂದಿತು. ಮಗುವಿನ ಮಾತೃಭಾಷೆ ಯಾವುದು ಅನ್ನುವುದನ್ನೂ ಅಪ್ಪ ಅಮ್ಮನೇ ಹೇಳಬೇಕು. ಅಂದರೆ ಶಾಲೆಯಲ್ಲಿ ಕೇಳಬೇಕಾದವರು ನಾವೇ. ನಾವು ಇಂಗ್ಲಿಷ್ ಒಂದನ್ನೇ ಕೇಳಿದರೆ ಅವರು ಅದನ್ನೇ ಕೊಡುತ್ತಾರೆ.

ಪುಸ್ತಕದ ವಿಷಯಕ್ಕೆ ಬರುತ್ತೇನೆ. ವಾರಕ್ಕೊಂದು ಕಥೆ ಮನೆಗೆ ಬರುತ್ತೆ, ಪ್ರಿಂಟ್ ತೆಗೆದು ಪಿನ್ ಹೊಡೆದದ್ದು. ಇದು ಬರುವುದು ಸ್ಟೋರಿವೀವರ್ ಅನ್ನುವ ಮಕ್ಕಳ ಕಥೆಗಳ ವೆಬ್‌ಸೈಟಿನಿಂದ. 2004ರಲ್ಲಿ ಬೆಂಗಳೂರಿನಲ್ಲೇ ಶುರುವಾದ ಪ್ರಥಮ್ ಬುಕ್ಸ್ ಅನ್ನುವ ಮಕ್ಕಳ ಪುಸ್ತಕ ಪ್ರಕಾಶನ ಸಂಸ್ಥೆ 2015ರಲ್ಲಿ ಇದನ್ನು ಆರಂಭಿಸಿತು. ದುಡ್ಡು ಕೊಡಬೇಕಾಗಿಲ್ಲ, ಮುಕ್ತ ಪರವಾನಗಿ ಇರುವುದರಿಂದ ಪ್ರಿಂಟ್ ತೆಗೆದು ಹಂಚಬಹುದು, ಅನುವಾದವನ್ನೂ ಮಾಡಬಹುದು. ಒಂದೇ ಕಥೆ, ಒಂದೇ ಚಿತ್ರಗಳು, ಭಾಷೆ ಮಾತ್ರ ಬೇರೆ. ಕೆಳಗಿನ ಮನೆಗೆ ತೆಲುಗು ಪ್ರತಿ ಬಂದ ವಾರವೇ ನಮಗೆ ಕನ್ನಡ ಪ್ರತಿ. ಮನೆಯಲ್ಲಿ ಅಪ್ಪ ಅಮ್ಮ ಓದಿ ಹೇಳಿ ಕಳಿಸುತ್ತಾರೆ, ಶಾಲೆಯಲ್ಲಿ ಮಕ್ಕಳೆಲ್ಲ ಅದೇ ಚಿತ್ರ ತೋರಿಸಿ ಕನ್ನಡದಲ್ಲಿ ಮಾತಾಡುತ್ತಾರೆ. ನಾನು ಚಿತ್ರ ನೋಡಿಕೊಂಡು ತುಳುವಿನಲ್ಲೇ ಹೇಳುತ್ತೇನೆ, ಆಮೇಲೆ ಅವಳ ಅಪ್ಪ ಕನ್ನಡ ಓದುತ್ತಾರೆ. ಓದಲು ಬಾರದ ಮನೆಯವರಿಗೆ ಬರೀ ಚಿತ್ರದ ಪುಸ್ತಕ ಕಳಿಸುತ್ತಾರೆ. ಯಾರೂ ಹಿಂದೆ ಸರಿಯಬಾರದು ಅಂತ ಇಷ್ಟೆಲ್ಲ ನೋಡಿಕೊಳ್ಳುತ್ತಾರೆ.

ಅಕ್ಷರಕ್ಕೆ ಇಲ್ಲಿ ಅವಸರ ಇಲ್ಲ. ನರ್ಸರಿಯಲ್ಲಿ ಬರೆಸುವುದೇ ಇಲ್ಲ. ಎಲ್‌ಕೆಜಿ ಅರ್ಧ ಆದ ಮೇಲೆ ಕನ್ನಡ ಅಕ್ಷರ ಶುರು, ಅದೂ ಅ ಆ ಇ ಈ ಕ್ರಮದಲ್ಲಿ ಅಲ್ಲ. ರ, ಗ, ಸ, ದ, ಅ ಅಂತ ಬರೆಯಲು ಸುಲಭವಾದ ಅಕ್ಷರಗಳಿಂದ, ನಮ್ಮ ಸರ್ಕಾರಿ ಶಾಲೆಗಳಲ್ಲಿ ಬಹಳ ಹಿಂದಿನಿಂದ ಇರುವ ಪದ್ಧತಿ. ಐದೇ ಅಕ್ಷರಕ್ಕೆ ಸರ, ಅರಸ, ದಸರ, ಗರಗಸ ಎಲ್ಲ ಓದಬಹುದು. ಮಗಳು ಗರಗಸ ಅಂತ ಓದಿ, ಬಡಗಿ ಅಂಗಡಿ ಮುಂದೆ ನಿಂತು ತೋರಿಸಿದಳು. ಇಂಗ್ಲಿಷ್ ಹಾಡು, ಸಣ್ಣಪುಟ್ಟ ಮಾತು ದಿನಕ್ಕೆ ಅರ್ಧ ಗಂಟೆ ಇರುತ್ತೆ, ಸಾಕಷ್ಟು ಬರುತ್ತೆ. ಆ ಬಗ್ಗೆ ಹೆದರುವವರು ಹೆದರಬೇಕಾಗಿಲ್ಲ.

ಇನ್ನು ನನಗೆ ಸರಿ ಅನ್ನಿಸದ್ದು. ವಾರ್ಷಿಕೋತ್ಸವ ಪೂರ್ತಿ ಇಂಗ್ಲಿಷ್. ಸ್ವಾಗತ, ನಿರೂಪಣೆ, ನಾಟಕ ಎಲ್ಲ. ವರ್ಷವಿಡೀ ಇಷ್ಟು ಚೆನ್ನಾಗಿ ನಡೆಸಿ, ಮನೆಯವರೆಲ್ಲ ಬಂದು ಕೂತ ಒಂದು ದಿನ ಯಾಕೆ ಹೀಗೆ? ಪೋಷಕರು ಅದನ್ನೇ ಬಯಸುತ್ತಾರೆ ಅಂದರು. ಅತ್ತೆಗೆ ಒಂದು ಮಾತೂ ಅರ್ಥವಾಗಲಿಲ್ಲ, ಸುಮ್ನೆ ಕೂತು ಬಂದರು. ಅದು ನಡೆದದ್ದು ಫೆಬ್ರವರಿಯಲ್ಲಿ. ಅದೇ ತಿಂಗಳ 21 ತಾಯ್ನುಡಿ ದಿನ. 1952ರಲ್ಲಿ ಢಾಕಾದಲ್ಲಿ ಬಂಗಾಳಿ ಭಾಷೆಗಾಗಿ ಪ್ರಾಣ ಕೊಟ್ಟವರ ನೆನಪಿನ ದಿನವನ್ನು 1999ರಲ್ಲಿ ಯುನೆಸ್ಕೊ ಇಡೀ ಜಗತ್ತಿಗೆ ಘೋಷಿಸಿತು. ವಾರ್ಷಿಕೋತ್ಸವವನ್ನು ಆ ದಿನಕ್ಕೆ ಇಟ್ಟು, ಒಂದೊಂದು ಮನೆಯಿಂದ ಒಂದೊಂದು ಹಾಡು ಹಾಡಿಸಿ ಅಂತ ಬರೆದು ಕೊಟ್ಟಿದ್ದೇನೆ. ನೋಡೋಣ ಅಂದಿದ್ದಾರೆ.

ಇದಕ್ಕಿಂತ ದೊಡ್ಡದು ಇನ್ನೊಂದಿದೆ. ಪಕ್ಕದ ಬೀದಿಯಲ್ಲಿ ಕಟ್ಟುತ್ತಿರುವ ಕಟ್ಟಡದ ವಾಚ್‌ಮನ್ ಮಗ ಒಬ್ಬ ಇದ್ದಾನೆ. ಯಾದಗಿರಿ ಕಡೆಯವರು. ಮೇಡಂ ಅರ್ಧ ಫೀಸಿಗೆ ಸೇರಿಸಿಕೊಂಡಿದ್ದಾರೆ, ಅವರ ದೊಡ್ಡತನ. ಆದರೆ ಹೊಸದಾಗಿ ಬಂದ ಟೀಚರ್ ಒಬ್ಬರು ಅವನ ಮಾತನ್ನು ತಿದ್ದುತ್ತಿದ್ದರು. ಅವನು "ನಾ ಒಲ್ಲೆ" ಅಂದರೆ "ಒಲ್ಲೆ ಅಲ್ಲ, ಬೇಡ ಅನ್ನು" ಅನ್ನುವುದು. "ನೀರ್ ಕೊಡ್ರಿ" ಅಂದರೆ ನಗುವುದು. ತಮಿಳು ಮಗು ವೇಣಾಂ ಅಂದರೆ ಸರಿ, ಯಾದಗಿರಿಯ ಮಗು ಒಲ್ಲೆ ಅಂದರೆ ತಪ್ಪಾ? ಆ ಹುಡುಗನ ಮನೆಮಾತು ಅದೇ ಅಲ್ವಾ. ಬೇರೆ ಭಾಷೆಯನ್ನು ಬೇರೆ ಭಾಷೆ ಅಂತ ಗೌರವಿಸುವುದು ನಮಗೆ ಸುಲಭ, ಕನ್ನಡದೊಳಗಿನ ಕನ್ನಡಗಳನ್ನು ಮಾತ್ರ ಅಶುದ್ಧ ಅಂತ ನೋಡುತ್ತೇವೆ. ಹುಡುಗ ಮಾತು ಕಡಿಮೆ ಮಾಡಿದ. ಅವನ ಅಮ್ಮ ಮೆಟ್ಟಿಲ ಹತ್ತಿರ ನನ್ನ ಬಳಿ "ಸಾಲಿಗಿ ಹೋಗಂಗಿಲ್ಲ ಅಂತಾನ್ರಿ ಅಕ್ಕಾ" ಅಂದರು. ನಾವು ಮೂರು ನಾಲ್ಕು ಜನ ಸೇರಿ ಹೋಗಿ ಮೇಡಂ ಹತ್ತಿರ ಮಾತಾಡಿದೆವು. ಅವರು ಸಬೂಬು ಹೇಳಲಿಲ್ಲ. ಮುಂದಿನ ಕಥೆಯ ಶನಿವಾರಕ್ಕೆ ಅವನ ಅಮ್ಮನನ್ನೇ ಕರೆಸಿದರು. ಜೋಳದ ರೊಟ್ಟಿ ತಟ್ಟುವ ಹಾಡು ಹೇಳಿಸಿದರು, ಮಕ್ಕಳೆಲ್ಲ ಚಾಪೆ ಮೇಲೆ ರೊಟ್ಟಿ ತಟ್ಟಿದರು. ಟೀಚರ್ ತಿದ್ದುವುದು ಈಗ ಕಡಿಮೆಯಾಗಿದೆ, ಪೂರ್ತಿ ನಿಂತಿಲ್ಲ. ನಾವು ಕೇಳುತ್ತಲೇ ಇದ್ದೇವೆ.

ಒಂದೇ ಒಂದು ಒಡಿಯಾ ಮಗು ಇದೆ. ಅದರ ಭಾಷೆ ಅಲ್ಲಿ ಯಾರಿಗೂ ಬರುವುದಿಲ್ಲ. ಕಾರ್ಡಿನಲ್ಲಿ ಪಾಣಿ, ಭೋಕ ಅಂತ ಬರೆದಿದೆ, ಆಯಮ್ಮ ಕಲಿತಿದ್ದಾರೆ. ಅಮ್ಮನ ದನಿಯಲ್ಲಿ ಎರಡು ಹಾಡು ಫೋನಿನಲ್ಲಿ ರೆಕಾರ್ಡ್ ಮಾಡಿಸಿ ಮಲಗುವ ಹೊತ್ತಿಗೆ ಹಾಕುತ್ತಾರೆ. ಅಷ್ಟರಿಂದ ಆಗುವುದು ಅಷ್ಟೇ. ದಿನದ ಉಳಿದ ಹೊತ್ತು ಅದಕ್ಕೆ ತನ್ನ ಮಾತಿನಲ್ಲಿ ಉತ್ತರ ಕೊಡುವವರಿಲ್ಲ. ಇದಕ್ಕೆ ಸುಲಭದ ದಾರಿ ನನಗೂ ಕಾಣುವುದಿಲ್ಲ. ಗೋಡೆಯ ಮೇಲೆ ಹತ್ತು ಭಾಷೆಯಲ್ಲಿ ನಮಸ್ಕಾರ ಬರೆದ ಚಾರ್ಟ್ ಇದೆ, ಒಡಿಯಾ ಕೂಡ ಇದೆ. ಅದನ್ನು ಯಾವ ಮಗುವೂ ಓದುವುದಿಲ್ಲ, ತೆಗೆದು ಅಲ್ಲಿ ಮಕ್ಕಳ ಮನೆಯವರ ಫೋಟೊ ಹಾಕಿದರೆ ಚೆನ್ನ.

ಉಳಿದ ವಿವರ ಬೇಗ ಹೇಳುತ್ತೇನೆ. ಒಂಬತ್ತೂಕಾಲಿಂದ ಹನ್ನೆರಡೂವರೆ. ಬೇಕಿದ್ದವರಿಗೆ ನಾಲ್ಕರವರೆಗೆ ಡೇಕೇರ್, ಅಲ್ಲಿ ಟಿವಿ ಸ್ವಲ್ಪ ಜಾಸ್ತಿ. ಫೀಸ್ ಈ ಏರಿಯಾದ ದೊಡ್ಡ ಪ್ಲೇಸ್ಕೂಲ್‌ಗಳಿಗಿಂತ ಕಡಿಮೆ, ಮೂರು ಕಂತಿನಲ್ಲಿ ಕಟ್ಟಬಹುದು. ಆಟದ ಮೈದಾನ ಇಲ್ಲ, ಟೆರೇಸಿನಲ್ಲಿ ಮರಳಿನ ತೊಟ್ಟಿ ಇದೆ, ವಾರಕ್ಕೆರಡು ಸಲ ಹತ್ತಿರದ ಪಾರ್ಕಿಗೆ ನಡೆಸಿಕೊಂಡು ಹೋಗುತ್ತಾರೆ. ಟಾಯ್ಲೆಟ್ ಕ್ಲೀನ್. ಮೆಟ್ಟಿಲು ಕಡಿದಾಗಿದೆ, ಮಳೆ ಬಂದರೆ ಜಾರುತ್ತೆ, ಕೈಹಿಡಿ ಎರಡೂ ಕಡೆ ಬೇಕು. ರಸ್ತೆ ಕಿರಿದು, ಕಾರಿನಲ್ಲಿ ಬರುವವರು ಮೇನ್ ರೋಡಲ್ಲೇ ನಿಲ್ಲಿಸಿ ನಡೆಯಬೇಕು.

ಬೇರೆ ಏರಿಯಾದಲ್ಲಿ ಇಂಥ ಜಾಗ ಹುಡುಕುವವರು ಬ್ರೋಷರ್ ನೋಡಬೇಡಿ. ತಿಂಡಿ ಹೊತ್ತಿಗೆ ಹೋಗಿ. ಮಗು ತನ್ನ ಭಾಷೆಯಲ್ಲಿ ಏನಾದರೂ ಕೇಳಿದಾಗ ದೊಡ್ಡವರು ಏನು ಮಾಡುತ್ತಾರೆ ಅಂತ ಗಮನಿಸಿ. ಆಯಮ್ಮನ ಜೊತೆ ಎರಡು ಮಾತು ಆಡಿ. ಮನೆಯಲ್ಲಿ ಯಾವ ಭಾಷೆ ಅಂತ ಅವರು ನಿಮ್ಮನ್ನು ಕೇಳಿದರಾ, ಕೇಳಿದ್ದನ್ನು ಎಲ್ಲಾದರೂ ಬರೆದುಕೊಂಡರಾ, ನೋಡಿ. ನನ್ನ ಲೆಕ್ಕದಲ್ಲಿ ಈ ಶಿಶುವಿಹಾರಕ್ಕೆ ಐದರಲ್ಲಿ ನಾಲ್ಕು ಕೊಡುತ್ತೇನೆ. ಯಾದಗಿರಿ ಹುಡುಗನ ವಿಷಯ ಪೂರ್ತಿ ಸರಿಹೋದ ದಿನ ಉಳಿದ ಒಂದನ್ನೂ ಕೊಡುತ್ತೇನೆ.

ಯುಕೆಜಿ ಮುಗಿದ ಮೇಲೆ ಒಂದನೇ ತರಗತಿಗೆ ಎಲ್ಲಿ ಅನ್ನುವ ಚಿಂತೆ ಈಗಲೇ ಶುರುವಾಗಿದೆ. ನಾಗರಭಾವಿ, ವಿಜಯನಗರ, ಕೆಂಗೇರಿ ಕಡೆ ಮಕ್ಕಳ ಮನೆಮಾತಿಗೆ ಹೀಗೆ ಜಾಗ ಕೊಡುವ, ಕನ್ನಡವನ್ನೂ ಚೆನ್ನಾಗಿ ಕಲಿಸುವ ಶಾಲೆ ಸರ್ಕಾರಿಯಾಗಲಿ ಖಾಸಗಿಯಾಗಲಿ ಇದ್ದರೆ ದಯವಿಟ್ಟು ತಿಳಿಸಿ. ಬಸ್ ಪ್ರಯಾಣ ಅರ್ಧ ಗಂಟೆ ದಾಟಬಾರದು.